ನಾಲ್ಕು ವರ್ಷ ಹುಡುಕಿಕೊಂಡು ಕಾರ್ಕಳಕ್ಕೆ

ಕಾಪುವಿನ ನಮ್ಮ ಮನೆಯಲ್ಲಿ ಎಂದಿನಂತೆ ಅಂಗಳ ಗುಡಿಸಿ, ನೀರುದೋಸೆ ಹೊಯ್ದು, ಯಜಮಾನರ ಬುತ್ತಿ ಕಟ್ಟುವಷ್ಟರಲ್ಲಿ ಅತ್ತಿಗೆ ಚಪ್ಪಲಿ ಹಾಕಿಕೊಂಡು ಜಗಲಿಯಲ್ಲಿ ಕುಳಿತಾಗಿತ್ತು. ಸುಮತಿ ಅತ್ತಿಗೆ ಯಜಮಾನರ ಅಕ್ಕ. ಬಜಗೋಳಿ ಹತ್ತಿರದ ಅನುದಾನಿತ ಶಾಲೆಯಲ್ಲಿ ಟೀಚರಾಗಿದ್ದು ನಿವೃತ್ತರಾದವರು. ಮೊದಲ ನಾಲ್ಕು ವರ್ಷ ಹುದ್ದೆಗೆ ಮಂಜೂರಾತಿ ಇರಲಿಲ್ಲವೆಂದು ಇಲಾಖೆ ಅವನ್ನು ಪಿಂಚಣಿಗೆ ಹಿಡಿದಿರಲಿಲ್ಲ. ಅತ್ತಿಗೆ ಕೋರ್ಟಿಗೆ ಹೋಗಿ ಗೆದ್ದರು. ಆದರೆ ಆ ನಾಲ್ಕು ವರ್ಷವೂ ಪಾಠ ಮಾಡಿದ್ದಕ್ಕೆ ದಾಖಲೆ ಕೊಡಬೇಕಿತ್ತು, ಅದಕ್ಕೆ ಅಂದೇ ಕೊನೆಯ ದಿನ. ಮುಚ್ಚಿಹೋದ ಶಾಲೆಯ ಪುಸ್ತಕಗಳು ಕಾರ್ಕಳದಲ್ಲಿ ಹಳೆಯ ಸಂಚಾಲಕರ ಮನೆಯಲ್ಲಿದ್ದವು. ಬೀಗ ಹಾಕಿದ್ದ ಆ ಮನೆಯವರು ಮುಂಬೈಯಿಂದ ಬಂದದ್ದೇ ಹಿಂದಿನ ದಿನ.

ಪಡುಬಿದ್ರಿಯಲ್ಲಿ ಬಸ್ಸು ಬದಲಿಸಿದೆವು. ಸರಕಾರಿ ಬಸ್ಸಾದರೆ ಹೆಂಗಸರಿಗೆ ಟಿಕೆಟಿಲ್ಲ, ನಮ್ಮ ಕಡೆ ಓಡುವುದು ಹೆಚ್ಚಾಗಿ ಖಾಸಗಿಯವೇ. ಬೆಳ್ಮಣ್ ದಾಟುವವರೆಗೂ ಬೆವರು ಒರೆಸಿದ್ದೇ ಕೆಲಸ.

ಸಂಚಾಲಕರ ಸೊಸೆ ಮೊದಲು ಬೆಲ್ಲ, ನೀರು ಕೊಟ್ಟು, ಆಮೇಲೆ ಅಟ್ಟದಿಂದ ಪೆಟ್ಟಿಗೆ ಇಳಿಸಿದರು. ಹಾಜರಿ ಪುಸ್ತಕಗಳನ್ನು ಗೆದ್ದಲು ತಿಂದಿತ್ತು. ಉಳಿದದ್ದು ಇನ್‌ಸ್ಪೆಕ್ಟರರು ಬಂದಾಗ ಬರೆಯುತ್ತಿದ್ದ ಸಂದರ್ಶನ ಪುಸ್ತಕ ಒಂದೇ.

"ಅದರಲ್ಲಿ ಎಂತದೂ ಇಲ್ಲ," ಎಂದು ಅತ್ತಿಗೆ ಅದನ್ನು ಬದಿಗೆ ಸರಿಸಿದರು. ಸರಿಸಿದ ವೇಗ ನೋಡಿಯೇ ನಾನು ತೆರೆದೆ.

"ಮೂರನೇ ತರಗತಿಯ ಶಿಕ್ಷಕಿ ಸುಮತಿ ಮಗ್ಗಿಯನ್ನು ತುಳುವಿನಲ್ಲಿ ಕಲಿಸುತ್ತಿರುವುದು ಕಂಡುಬಂತು. ತಿದ್ದಿಕೊಳ್ಳತಕ್ಕದ್ದು." ಮರುವರ್ಷದ ಪುಟದಲ್ಲಿ, "ಎಚ್ಚರಿಸಿದರೂ ತಿದ್ದಿಕೊಂಡಿಲ್ಲ." ಮೂರನೆಯ ವರ್ಷವೂ ಅದೇ ದೂರು, ನಾಲ್ಕನೆಯ ವರ್ಷವೂ ಅದೇ.

ಅತ್ತಿಗೆಯ ಮುಖ ಕೆಂಪಾಗಿತ್ತು. "ಮಕ್ಕಳಿಗೆ ಕನ್ನಡ ಬರುತ್ತಿರಲಿಲ್ಲ ಮಾರಾಯ್ತಿ, ನಾನೆಂತ ಮಾಡುವುದು?" ತುಳು ಮಾತಾಡಿದ್ದಕ್ಕೆ ಕಾನ್ವೆಂಟಿನಲ್ಲಿ ಬೆಂಚಿನ ಮೇಲೆ ನಿಂತವಳು ನಾನು, ಅಂಥ ಟೀಚರು ನನಗೆ ಸಿಗಲಿಲ್ಲವಲ್ಲ ಅನ್ನಿಸಿತು.

"ಅತ್ತಿಗೆ, ನಿಮ್ಮ ಹೆಸರುಂಟು, ತಾರೀಕುಂಟು, ಸರಕಾರದ ಸೀಲೂ ಉಂಟು. ಇನ್ನೆಂತ ದಾಖಲೆ ಬೇಕು?"

ಮಣಿಪಾಲದ ಶಿಕ್ಷಣ ಇಲಾಖೆಯ ಕಚೇರಿಗೆ ಮುಟ್ಟುವಾಗ ಮೂರೂವರೆ. ಅಧಿಕಾರಿ ನಾಲ್ಕೂ ಪುಟ ಓದಿದರು, ಎರಡನೆಯ ಸಲ ಓದುವಾಗ ನಗು ತಡೆಯಲಿಲ್ಲ. ನಾಲ್ಕು ವರ್ಷವೂ ಸೇರುತ್ತದೆ ಎಂದು ಬರೆದು, ಸೀಲು ಒತ್ತಿದ ಪ್ರತಿ ಕೊಟ್ಟರು. ಹೊರಡುವಾಗ ಏಳರ ಮಗ್ಗಿ ತುಳುವಿನಲ್ಲಿ ಹೇಗೆಂದು ಕೇಳಿದರು. ಅತ್ತಿಗೆ ನಿಂತಲ್ಲೇ ಪೂರ್ತಿ ಒಪ್ಪಿಸಿದರು.

ಉಡುಪಿಯಲ್ಲಿ ಇಳಿದು ಗೋಳಿಬಜೆ ತಿಂದೆವು. ಅತ್ತಿಗೆ ಎರಡನೆಯ ಪ್ಲೇಟು ತಾವೇ ಹೇಳಿದರು.

ಮನೆ ಮುಟ್ಟುವಾಗ ಪಕ್ಕದ ಮನೆಯ ಜುಬೈದಕ್ಕ ಬಟ್ಟೆ ತೆಗೆಯುತ್ತಿದ್ದರು. ಗೋಡೆಯ ಈಚೆಯಿಂದಲೇ ಕಥೆಯೆಲ್ಲ ಹೇಳಿದೆವು. ಅವರು ಕ್ಲಿಪ್ಪು ಬಿಚ್ಚುತ್ತಲೇ ಹೇಳಿದರು: "ಒಂದು ವರ್ಷ ಟೀಚರು ಇನ್‌ಸ್ಪೆಕ್ಟರ್ ಹೇಳಿದ್ದು ಕೇಳಿದ್ದಿದ್ದರೆ, ಆ ವರ್ಷ ಹೋಗ್ತಿತ್ತು ಅಲ್ವಾ?"