ಬರ್ನಿಸ್ ಕೋವಾಲಿಕ್‌ಳ ಮಂಗಳವಾರದ ಪದ್ಯಪಾಠ

ಬರ್ನಿಸ್ ಕೋವಾಲಿಕ್ ಹುಟ್ಟಿ ಬೆಳೆದದ್ದು ಅಮೆರಿಕದ ಈರಿ ಸರೋವರದ ದಂಡೆಯ ಊರಿನಲ್ಲಿ, ಅಪ್ಪನ ಬಾರಿನ ಮೇಲಿದ್ದ ಎರಡು ಕೋಣೆಗಳಲ್ಲಿ. ಕೆಳಗೆ ಕಾರ್ಖಾನೆಯ ಪಾಳಿ ಮುಗಿಸಿ ಬಂದವರ ಬೈಗುಳ, ಮೇಲೆ ಅಮ್ಮನ ಜಪಮಾಲೆ. ಎರಡೂ ಒಟ್ಟೊಟ್ಟಿಗೆ ಕಿವಿಗೆ ಬಿದ್ದು ಹುಡುಗಿ ಕವಿಯಾದಳು. ಮೊದಲ ಪದ್ಯ ಪಾದ್ರಿಯ ಹೊಟ್ಟೆಯ ಮೇಲೆ. ಬಾರಿನವರು ಬಾಯಿಪಾಠ ಮಾಡಿದರು, ಅಮ್ಮ ಕಪಾಳಕ್ಕೆ ಬಿಟ್ಟಳು. ವಿಮರ್ಶೆ ಅಂದರೇನು ಅಂತ ಆವತ್ತೇ ಗೊತ್ತಾಯಿತು.

ಮುಂದೆ ಮೂರು ತೆಳು ಪುಸ್ತಕ ಬಂದವು, ಇಬ್ಬರು ಗಂಡಂದಿರು ಹೋದರು. ಊರ ಕಾಲೇಜಿನಲ್ಲಿ ಪದ್ಯ ಬರೆಯುವುದನ್ನು ಕಲಿಸುವ ಕೆಲಸ ಮಾತ್ರ ಉಳಿಯಿತು. ಯಾರಾದರೂ 'ಆತ್ಮ' ಎಂದು ಬರೆದರೆ ಸಾಕು, "ಎಲ್ಲಿದೆಯಪ್ಪಾ ಅದು? ಜೇಬಿಂದ ತೆಗೆದು ತೋರಿಸು," ಅನ್ನುತ್ತಿದ್ದಳು. ಅತ್ತವರಿಗೆ ಕರವಸ್ತ್ರ ಕೊಡುತ್ತಿದ್ದಳು, ಅಂಕ ಕೊಡುತ್ತಿರಲಿಲ್ಲ.

ಕಾಲೇಜಿನ ಅಧ್ಯಕ್ಷ ಹಾರ್ಲನ್ ಟ್ವಿಚೆಲ್ ನಿವೃತ್ತನಾಗುವಾಗ, ಬೀಳ್ಕೊಡುಗೆಗೆ ಒಂದು ಪದ್ಯ ಬೇಕೆಂದ.

"ಸ್ವಲ್ಪ ಹೊಗಳಿ, ಬರ್ನಿಸ್."

"ಏನನ್ನ ಹೊಗಳಲಿ? ನೀವೇ ಹೇಳಿಬಿಡಿ."

ಅವನು ಬಹಳ ಯೋಚಿಸಿ ಹೇಳಿದ್ದು ಹೊಸ ಪಾರ್ಕಿಂಗ್ ಜಾಗ. ಅವಳು ಅದನ್ನೇ ಬರೆದಳು. ಉದ್ದಕ್ಕೂ ಡಾಂಬರಿನ ಗುಣಗಾನ. ಹಳೇ ಗ್ರಂಥಾಲಯ ಕೆಡವಿ ಕಾರುಗಳಿಗೆ ಮಲಗಲು ಜಾಗ ಕೊಟ್ಟ ಮಹಾನುಭಾವನಿಗೆ ಜಯಕಾರ. ಸಭೆ ಮೇಜು ಕುಟ್ಟಿ ನಕ್ಕಿತು. ಟ್ವಿಚೆಲ್‌ನ ಹೆಂಡತಿ ಮಾರ್ಗೋ ಎಲ್ಲರಿಗಿಂತ ಜೋರಾಗಿ ನಕ್ಕಳು. ಮುಂದಿನ ವರ್ಷ ಬರ್ನಿಸ್‌ಗೆ ಕಾಲೇಜು ಪಾಠವೇ ಕೊಡಲಿಲ್ಲ.

ಅಷ್ಟರಲ್ಲಿ ಅಪ್ಪನ ಬಾರು ಅವಳ ತಮ್ಮ ಲಿಯೋನ ಕೈಗೆ ಬಂದಿತ್ತು. "ಮಂಗಳವಾರ ಗಿರಾಕಿಗಳೇ ಇರಲ್ಲ ಅಕ್ಕ, ಇಲ್ಲೇ ಪಾಠ ಮಾಡು. ಆದ್ರೆ ಪದ್ಯ ಓದೋರು ಏನಾದ್ರೂ ಕುಡೀಬೇಕು," ಅಂದ.

"ಕೇಳೋರು ಇನ್ನೂ ಜಾಸ್ತಿ ಕುಡೀಬೇಕಾಗುತ್ತೆ," ಅಂದಳು.

ಹಳೆಯ ವಿದ್ಯಾರ್ಥಿಗಳು ಬಂದರು. ಊರ ಹಲ್ಲಿನ ಡಾಕ್ಟರಮ್ಮ ಬಂದಳು. ಕಾನ್ವೆಂಟಿನ ಇಬ್ಬರು ಸಿಸ್ಟರುಗಳು ಬಂದು ಬಿಯರ್ ತರಿಸಿಕೊಂಡು ಪ್ರೇಮಪದ್ಯ ಓದಿದರು.

ಕೆಲವು ವರ್ಷಗಳ ಮೇಲೆ ಒಂದು ಚಳಿಗಾಲ, ಟೊಪ್ಪಿಗೆ ಹಿಮ ಮೆತ್ತಿಕೊಂಡು ಟ್ವಿಚೆಲ್ ಬಂದ. ಮಾರ್ಗೋ ಸತ್ತು ಎರಡು ತಿಂಗಳಾಗಿತ್ತು. ಬಾತುಗಳ ಮೇಲೆ ತಾನು ಬರೆದ ಎರಡು ಪುಟದ ಪದ್ಯ ಓದಿದ. ಬಾತುಗಳು ಅಮರತ್ವದ ಕಡೆಗೆ ಹಾರುತ್ತಿದ್ದವು. ಬರ್ನಿಸ್ ಹಾಳೆ ಕಿತ್ತುಕೊಂಡು ಒಂದೊಂದೇ ಸಾಲು ಹೊಡೆದುಹಾಕುತ್ತಾ ಬಂದವಳು ಒಂದು ಕಡೆ ನಿಂತಳು: 'ಬೆಳಿಗ್ಗೆ ಎರಡು ಲೋಟ ಕಾಫಿ ಮಾಡಿ ಒಂದನ್ನು ಚೆಲ್ಲಿದೆ.'

"ಇದೊಂದು ಇರಲಿ."

"ಅದು ಪದ್ಯ ಅಲ್ಲ, ಬರ್ನಿಸ್. ಇವತ್ತು ಬೆಳಿಗ್ಗೆ ಆಗಿದ್ದು."

"ಗೊತ್ತಾಯ್ತು."

ಅವನ ಮುಖ ಕೆಂಪಾಯಿತು. ಎದ್ದೇ ಹೋಗುತ್ತಾನೆ ಅಂದುಕೊಂಡರು ಎಲ್ಲರೂ. ಕೇಳದಿದ್ದರೂ ಲಿಯೋ ವಿಸ್ಕಿ ತಂದಿಟ್ಟ. ಬರ್ನಿಸ್‌ಗೆ ಬೀಳ್ಕೊಡುಗೆಯ ದಿನದ ಮಾರ್ಗೋಳ ನಗು ನೆನಪಾಗಿ, ನಾಲಗೆಯ ತುದಿಗೆ ಬಂದಿದ್ದ ಕುಹಕ ಅಲ್ಲೇ ಒಣಗಿತು.

"ನನ್ನ ಡಾಂಬರು ಪದ್ಯ ಮಾರ್ಗೋಗೆ ಹಿಡಿಸಿತ್ತಾ?"

"ಫ್ರಿಜ್ಜಿನ ಬಾಗಿಲಿಗೆ ಅಂಟಿಸಿದ್ದಳು. ನಾನು ಕಿತ್ತರೆ ಮತ್ತೆ ಅಂಟಿಸೋಳು. ಈಗ ಕೀಳೋಕೆ ಮನಸ್ಸು ಬರ್ತಿಲ್ಲ."

ಆಮೇಲೆ ಬರ್ನಿಸ್ ಸಾಯುವವರೆಗೂ ಟ್ವಿಚೆಲ್ ಮಂಗಳವಾರ ತಪ್ಪಿಸಲಿಲ್ಲ. ಅಂಥ ಇನ್ನೊಂದು ಸಾಲು ಅವನಿಂದ ಬರಲೇ ಇಲ್ಲ. ಅದನ್ನು ಅವಳು ವಾರವಾರವೂ ಅವನ ಮುಖಕ್ಕೇ ಹೇಳುತ್ತಿದ್ದಳು, ಹೇಳಿ ಅವನ ಕಾರಿನಲ್ಲೇ ಮನೆಗೆ ಹೋಗುತ್ತಿದ್ದಳು.