ಗೊಂಬೆಗೆ ಹಾಸಿದ ಕೋಳಿಹುಲ್ಲು

ತುಮಕೂರಿನ ನಮ್ಮ ಮನೆಯ ಕಿಟಕಿಯಿಂದ ಇವತ್ತು ಪಾರಿವಾಳದ ಹಳೆ ಗೂಡು ತೆಗೆದಾಗ, ಚೇಳೂರಿನ ಅಜ್ಜಿ ಮನೆಯ ಕೋಳಿ ಮಂಕರಿಯ ವಾಸನೆ ಮೂಗಿಗೆ ಬಡಿಯಿತು.

ಕಾವಿಗೆ ಕೂತ ಕೋಳಿ ಮರಿ ಮಾಡಿ ಎದ್ದ ದಿನವೇ ಅಜ್ಜಿ ಮಂಕರಿಯ ಹುಲ್ಲು ಸುಡುತ್ತಿದ್ದಳು. ಒಮ್ಮೆ ನಾನು ಒಂದು ಹಿಡಿ ಕದ್ದು ಗೊಂಬೆಗೆ ಹಾಸಿಗೆ ಮಾಡಿ, ಪಕ್ಕದಲ್ಲಿ ಇಟ್ಟುಕೊಂಡು ಮಲಗಿದೆ. ಬೆಳಗ್ಗೆ ಮನೆಮಂದಿಯೆಲ್ಲ ಮೈ ಕೆರೆದುಕೊಳ್ಳುತ್ತಿದ್ದರು. ಗೊಂಬೆಗೆ ಮಾತ್ರ ತುರಿಕೆಯಿರಲಿಲ್ಲ.

ಅಜ್ಜಿ ನನ್ನ ಅಂಗೈಯನ್ನು ತನ್ನ ಕೈಯಿಂದ ಗೋಡೆಗೆ ಒತ್ತಿ ಹಿಡಿದಳು. ಸಾಸಿವೆಗಿಂತ ಸಣ್ಣ ಚುಕ್ಕಿಗಳು ಬೆರಳಿನತ್ತ ಹರಿದು ಬಂದವು.

"ಕೋಳಿಹೇನು. ಕೋಳಿ ಎದ್ದೋದ್ಮೇಲೆ ಬಿಸಿ ಹುಡುಕ್ಕೊಂಡು ನಮ್ಮತ್ರ ಬರ್ತವೆ ಕಣೇ."

ಆಮೇಲೆ ಹಾಸಿಗೆಗಳನ್ನು ಬಿಸಿಲಿಗೆ ಹಾಕಿ, ಗೋಡೆಗೆ ಸುಣ್ಣ ಬಳಿದು, ಗೊಂಬೆಯ ಹುಲ್ಲನ್ನೂ ಸುಟ್ಟಳು. ನಾನು ಅತ್ತುಬಿಟ್ಟೆ. ಸಂಜೆಗೆ ಅಜ್ಜಿ ತನ್ನ ಹಳೆ ಸೀರೆಯ ತುಂಡಿನಲ್ಲಿ ಒಣಗಿದ ಬೇವಿನೆಲೆ ತುಂಬಿ, ಗೊಂಬೆಗೆ ಹೊಸ ಹಾಸಿಗೆ ಹೊಲಿದುಕೊಟ್ಟಳು.

ಇವತ್ತು ಗೂಡು ಸುಟ್ಟು ಬಂದು, ಕಿಟಕಿಯ ಪಕ್ಕದ ಗೋಡೆಗೆ ಅಂಗೈ ಒತ್ತಿ ನಿಂತೆ. ಒಂದು ಚುಕ್ಕಿಯೂ ಬರಲಿಲ್ಲ. ಆದರೂ ಕೈ ತೆಗೆಯಲು ಮನಸ್ಸಾಗಲಿಲ್ಲ.