ಎರಡು ಮನೆಯ ರಾಯಭಾರ
ಬೆಳಕು ಹರಿಯುವ ಮುನ್ನ ಬೊಗುಮಿಲಾ ಅತ್ತೆಯ ಕಾಲಿಗೆ ಮುಲಾಮು ತಿಕ್ಕಿ, ಗಂಡನ ಅಂಗಿಗೆ ಇಸ್ತ್ರಿ ಹಾಕಿ, ರೈ ಎಂಬ ಧಾನ್ಯದ ಹಿಟ್ಟಿನ ಹುಳಿ ಸಾರನ್ನು ಒಲೆಗೇರಿಸಿ, ಬೀಟ್‌ರೂಟಿನಿಂದ ಕೆಂಪಾದ ಬೆರಳುಗಳನ್ನು ನಿಂಬೆಹೋಳಿನಿಂದ ಉಜ್ಜಿಕೊಳ್ಳುತ್ತಾಳೆ. ವಾರ್ಸಾದ ವಿದೇಶಾಂಗ ಕಚೇರಿಯಲ್ಲಿ ಹಿರಿಯ ಅಧಿಕಾರಿಗಳು ಅಲ್ಲಿನ ರೂಢಿಯಂತೆ ಬಾಗಿ ಮುತ್ತಿಡುವುದು ಇದೇ ಕೈಗೆ. ರಾಯಭಾರದ ಕೆಲಸ ಅವಳ ನಾಲಿಗೆಯನ್ನೇ ಪಳಗಿಸಿಬಿಟ್ಟಿದೆ. "ದೇಶದೇಶಕ್ಕೆ ಬುದ್ಧಿ ಹೇಳೋಳಿಗೆ ಸಾರಿಗೆ ಉಪ್ಪು ಹಾಕೋಕೆ ಬರಲ್ಲ" ಎಂದು ಅತ್ತೆ ಚುಚ್ಚಿದರೆ, "ತಮ್ಮ ಕಳವಳ ನಮ್ಮ ಗಮನದಲ್ಲಿದೆ, ಅತ್ತೆ" ಅನ್ನುತ್ತಾಳೆ. ಪರದೇಶದ ಅತಿಥಿಗಳು ಊಟಕ್ಕೆ ಬಂದ ದಿನ ಅಡುಗೆಮನೆಯಲ್ಲಿ ಏಪ್ರನ್ ಕಳಚಿ, ಮುತ್ತಿನ ಸರ ಹಾಕಿಕೊಂಡು ನಡುಮನೆಗೆ ಬರುತ್ತಾಳೆ. "ನಿಮ್ಮ ಅಡುಗೆಯವಳ ಕೈ ಬಂಗಾರ" ಎಂದು ಅವರು ಹೊಗಳಿದರೆ, "ಅವಳಿಗೆ ಹೇಳ್ತೀನಿ" ಎಂದು ತಲೆಬಾಗುತ್ತಾಳೆ. ಅವಳ ಕೈಕೆಳಗೆ ಕೆಲಸ ಕಲಿತ ಗಂಡಸರು, ಮನೆ ನೋಡಿಕೊಳ್ಳಲು ಹೆಂಡತಿಯರನ್ನು ಕರೆದುಕೊಂಡು, ರಾಯಭಾರಿಗಳಾಗಿ ದೇಶದೇಶಕ್ಕೆ ಹೋದರು. ರಾಯಭಾರಿಯಾಗಿ ಹೋಗಲು ಅವಳಿಗೂ ಎರಡು ಸಲ ಕರೆ ಬಂದಿತ್ತು. ಒಮ್ಮೆ ಮಗನ ಪರೀಕ್ಷೆ, ಇನ್ನೊಮ್ಮೆ ಗಂಡನ ಆಪರೇಷನ್ನು ಅಡ್ಡ ಬಂದವು. ನಿವೃತ್ತಿಗೆ ಮುಂಚಿನ ಕೊನೆಯ ಕರೆ ಮೊನ್ನೆ ಬಂತು. ಅಂದೇ ಸಂಜೆಯೊಳಗೆ ಉತ್ತರ ಬೇಕಿತ್ತು. "ನೀನು ಹೋದ್ರೆ ಅಮ್ಮನ್ನ ಯಾರು ನೋಡ್ಕೋತಾರೆ?" ಎಂದ ಗಂಡ ವಿತೋಲ್ದ್. "ಅವರು ಹೆತ್ತ ಮಗ ಇದಾನಲ್ಲ" ಎಂದಳು. ಅವನು ತಮಾಷೆಯೆಂದುಕೊಂಡು ನಕ್ಕು, ಟೋಪಿ ಹಾಕಿಕೊಂಡು ತಿರುಗಾಡಲು ಹೋದ. ಒಳಕೋಣೆಯಲ್ಲಿ ಅತ್ತೆಗೆ ನಿದ್ದೆ ಹತ್ತಿತ್ತು. ಹೂಂ ಎನ್ನಲು, ಉಹೂಂ ಎನ್ನಲು ಮನೆಯಲ್ಲಿ ಮತ್ತಾರೂ ಇರಲಿಲ್ಲ. ಬೊಗುಮಿಲಾ ಕಚೇರಿಗೆ ಫೋನು ಮಾಡಿ, "ಹೋಗ್ತೀನಿ. ಟಿಕೆಟ್ಟು ಒಂದೇ ಸಾಕು" ಎಂದಳು.